ತಂಗಿಗೆ ಸಿನಿಮಾ ಕ್ಯಾಮೆರಾ ಕೆಲಸ ಬೇಕಂತೆ, ಮನೆಯಲ್ಲಿ ಏನು ಹೇಳಲಿ?

ಹ್ಯಾಂಡ್‌ಪೋಸ್ಟ್ ಹುಡುಗ

ಎಲ್ಲರಿಗೂ ನಮಸ್ಕಾರ. ಮೂಡಿಗೆರೆ ಹತ್ತಿರ ನಮ್ಮದು ಐದು ಎಕರೆ ಕಾಫಿ ತೋಟ. ತಂಗಿಗೆ 21 ವರ್ಷ. ಹಾಸನದಲ್ಲಿ ಬಿ.ಎಸ್ಸಿ. ಮುಗಿಸಿದ್ದಾಳೆ. ಓದುವಾಗಲೇ ಅಲ್ಲಿನ ಒಂದು ಸ್ಟುಡಿಯೋದವರ ಜೊತೆ ಮದುವೆ ವಿಡಿಯೋಗೆ ಹೋಗುತ್ತಿದ್ದಳು. ಈಗ ಸಿನಿಮಾಗೆ ಕ್ಯಾಮೆರಾ ಮಾಡಬೇಕು ಅಂತ ಹಟ ಹಿಡಿದಿದ್ದಾಳೆ. ನಟನೆ ಅಲ್ಲ, ಕ್ಯಾಮೆರಾ. ಅಪ್ಪನಿಗೆ ಎರಡೂ ಒಂದೇ. ಸಿನಿಮಾ ಅಂದ ತಕ್ಷಣ ತಟ್ಟೆಯಲ್ಲೇ ಕೈ ತೊಳೆದು ಎದ್ದರು.

ನನಗೆ ಗೊತ್ತಿರುವುದು ಕಾಫಿ, ಮೆಣಸು, ಮೋಟರ್ ಪಂಪು. ಹೆಣ್ಣುಮಕ್ಕಳು ಈ ಕೆಲಸದಲ್ಲಿ ಇದ್ದಾರಾ? ಹೊಟ್ಟೆ ತುಂಬುತ್ತಾ? ಸಿನಿಮಾ ಕಲಿಸುವ ಶಾಲೆ ಅಂದರೆ ಹೆಸರಘಟ್ಟನಾ, ಪುಣೆನಾ, ಇಲ್ಲ ಸುಮ್ನೆ ಯಾರ ಹತ್ತಿರವಾದರೂ ಸೇರಿಕೊಳ್ಳುವುದಾ? ಉತ್ತರಗಳನ್ನು ಅಪ್ಪನಿಗೆ ಓದಿ ಹೇಳಬೇಕು. ಹಾಗಾಗಿ ಸ್ವಲ್ಪ ಮರ್ಯಾದೆಯಿಂದ ಬರೆಯಿರಿ.

ನೇರಮಾತು

ತಪ್ಪು ತಿಳಿಯಬೇಡಿ, ನಿಮ್ಮ ತಂದೆ ಹೇಳುವುದರಲ್ಲೂ ಅರ್ಥ ಇದೆ. ನಾನು ಚಿಕ್ಕಮಗಳೂರಿನವನು. ನಮ್ಮ ಎಸ್ಟೇಟ್ ಬಂಗಲೆಯನ್ನು ಎರಡು ಸಲ ಶೂಟಿಂಗ್‌ಗೆ ಕೊಟ್ಟಿದ್ದೆವು. ನೂರು ಜನ ಗಂಡಸರು, ರಾತ್ರಿ ಎರಡು ಗಂಟೆ ತನಕ ಕೆಲಸ, ಬೆಳಿಗ್ಗೆ ಐದಕ್ಕೆ ಮತ್ತೆ ಎದ್ದು ಓಟ. ಆ ಕ್ಯಾಮೆರಾ ಭಾರ ಬೇರೆ. ಹೆಗಲ ಮೇಲಿಟ್ಟುಕೊಂಡು ಗುಡ್ಡ ಹತ್ತಬೇಕು. ಬಿ.ಎಡ್. ಮಾಡಿಸಿ, ಫೋಟೋಗ್ರಫಿ ಹವ್ಯಾಸಕ್ಕೆ ಇರಲಿ.

ಮೂರನೇ ಅಸಿಸ್ಟೆಂಟ್

ನೇರಮಾತು ಅವರೇ, ನಿಮ್ಮ ತೋಟದಲ್ಲಿ ಕುಯ್ಲಿನ ಸಮಯದಲ್ಲಿ ಸಂಜೆ ತೂಕಕ್ಕೆ ಹಣ್ಣಿನ ಚೀಲ ಹೊತ್ತು ತರುವವರು ಯಾರು? ಒಂದು ಸಲ ನೋಡಿ ಬಂದು ಆಮೇಲೆ ಭಾರದ ಮಾತು ಆಡೋಣ.

ಈಗ ಜಾಸ್ತಿ ಬಳಸುವ ಅಲೆಕ್ಸಾ ಮಿನಿ ಕ್ಯಾಮೆರಾದ ಬಾಡಿ 2.3 ಕೆ.ಜಿ. ಲೆನ್ಸು, ಬ್ಯಾಟರಿ, ಲೆನ್ಸಿಗೆ ಅಡ್ಡ ಬೆಳಕು ಬೀಳದ ಹಾಗೆ ಮುಂದೆ ಹಾಕುವ ಮ್ಯಾಟ್ ಬಾಕ್ಸು ಎಲ್ಲ ಸೇರಿದರೆ ಎಂಟು ಹತ್ತು ಕೆ.ಜಿ. ಬರಬಹುದು. ಅದನ್ನೂ ದಿನಪೂರ್ತಿ ಛಾಯಾಗ್ರಾಹಕರೇ ಹೊರುವುದಿಲ್ಲ. ಸ್ಟ್ಯಾಂಡ್ ಇದೆ, ಟ್ರಾಲಿ ಇದೆ, ಸಹಾಯಕರು ಇದ್ದಾರೆ.

ನಾನು ಹಾಸನ ಜಿಲ್ಲೆಯವಳು. ಕ್ಯಾಮೆರಾ ವಿಭಾಗದಲ್ಲಿ 2011ರಿಂದ ಇದ್ದೇನೆ. ಸ್ವಂತವಾಗಿ ಮೂರು ಸಿನಿಮಾ ಮಾಡಿದ್ದೇನೆ. ಈಗ ಪ್ಯಾಕಪ್ ಆಗಿ ಬಂದೆ, ರಾತ್ರಿ ಕೂತು ವಿವರವಾಗಿ ಬರೆಯುತ್ತೇನೆ.

ಹಳೇ ರೀಲು

ಅರಸೀಕೆರೆಯಿಂದ ನಾನು, ರಿಟೈರ್ ಆದ ಮನುಷ್ಯ, ಸಿನಿಮಾ ಹುಚ್ಚು. ಆ ಮೇಡಂ ಬರುವ ತನಕ ನನಗೆ ಗೊತ್ತಿರುವುದನ್ನು ಹೇಳಿಬಿಡುತ್ತೇನೆ.

ನಿಮ್ಮ ತಂದೆಯವರಿಗೆ ಬಿ.ಆರ್. ಪಂತುಲು ಹೆಸರು ಗೊತ್ತಿರುತ್ತದೆ. ಕೋಲಾರ ಜಿಲ್ಲೆ ಮೂಲದವರು. ಸ್ಕೂಲ್ ಮಾಸ್ಟರ್, ಕಿತ್ತೂರು ಚೆನ್ನಮ್ಮ, ಶ್ರೀಕೃಷ್ಣದೇವರಾಯ ತೆಗೆದವರು. ಅವರ ಮಗಳು ಬಿ.ಆರ್. ವಿಜಯಲಕ್ಷ್ಮಿ. ಏಷ್ಯಾದ ಮೊದಲ ಮಹಿಳಾ ಛಾಯಾಗ್ರಾಹಕಿ ಅಂತಲೇ ಅವರನ್ನು ಕರೆಯುತ್ತಾರೆ. ಛಾಯಾಗ್ರಾಹಕ ಅಶೋಕ್ ಕುಮಾರ್ ಅವರ ಹತ್ತಿರ ಸಹಾಯಕಿಯಾಗಿ ಕಲಿತರು. 1985ರಲ್ಲಿ ತಮಿಳಿನಲ್ಲಿ ಸ್ವತಂತ್ರವಾಗಿ ಮೊದಲ ಸಿನಿಮಾ. ಆಮೇಲೆ ನಿರ್ದೇಶನವನ್ನೂ ಮಾಡಿದರು. ಅಂದರೆ ಇದು ನಿನ್ನೆ ಮೊನ್ನೆ ಶುರುವಾದದ್ದಲ್ಲ, ನಿಮ್ಮ ತಂಗಿ ಹುಟ್ಟುವ ಮೊದಲಿನ ಮಾತು.

ಇನ್ನೊಂದು. ಅಂಜುಲಿ ಶುಕ್ಲಾ ಅಂತ ಪುಣೆಯಲ್ಲಿ ಓದಿದವರು. ಶಾಜಿ ಎನ್. ಕರುಣ್ ನಿರ್ದೇಶಿಸಿದ ಮಲಯಾಳಂನ ಕುಟ್ಟಿ ಸ್ರಾಂಕ್ ಸಿನಿಮಾಕ್ಕೆ ರಾಷ್ಟ್ರಪ್ರಶಸ್ತಿ ಪಡೆದರು. ಕಥಾಚಿತ್ರದ ಛಾಯಾಗ್ರಹಣಕ್ಕೆ ಆ ಪ್ರಶಸ್ತಿ ಪಡೆದ ಮೊದಲ ಮಹಿಳೆ. ಅದು 2009ರ ಸಾಲಿನದು. 2002ರಲ್ಲಿ ನಟಿ ರೇವತಿ ನಿರ್ದೇಶಿಸಿದ ಮೊದಲ ಸಿನಿಮಾಕ್ಕೆ ಕ್ಯಾಮೆರಾ ಹಿಡಿದವರು ಫೌಜಿಯಾ ಫಾತಿಮಾ. ಮುಂದೆ ಇವರೇ ಮುಂದಾಗಿ ದೇಶದ ಮಹಿಳಾ ಛಾಯಾಗ್ರಾಹಕರನ್ನೆಲ್ಲ ಒಂದು ಕೂಟದಲ್ಲಿ ಸೇರಿಸಿದರು.

ಹಾಲಿವುಡ್‌ನವರು ನಮಗಿಂತ ಮುಂದೆ ಅಂದುಕೊಳ್ಳಬೇಡಿ. ಆಸ್ಕರ್ ಶುರುವಾದದ್ದು 1929ರಲ್ಲಿ. ಛಾಯಾಗ್ರಹಣಕ್ಕೆ ಒಬ್ಬ ಮಹಿಳೆ ನಾಮನಿರ್ದೇಶನ ಆಗಿದ್ದು 2018ರಲ್ಲಿ, ರೇಚಲ್ ಮಾರಿಸನ್. ಹತ್ತಿರ ಹತ್ತಿರ ತೊಂಬತ್ತು ವರ್ಷ!

ನೇರಮಾತು

ಸರ್, ನೀವೇ ಹೇಳಿದಿರಿ ನೋಡಿ. ಪಂತುಲು ಅವರ ಮಗಳು. ಮನೆಯಲ್ಲೇ ಸಿನಿಮಾ. ಅಭಿಯುಂ ನಾನುಂ ಸಿನಿಮಾಕ್ಕೆ ಕ್ಯಾಮೆರಾ ಮಾಡಿದ ಪ್ರೀತಾ ಜಯರಾಮನ್ ಕೂಡ ದೊಡ್ಡ ಛಾಯಾಗ್ರಾಹಕ ಪಿ.ಸಿ. ಶ್ರೀರಾಮ್ ಅವರ ಸಂಬಂಧಿ ಅಂತ ಓದಿದ್ದೇನೆ. ಮೂಡಿಗೆರೆ ಐದು ಎಕರೆಯವರ ಮಗಳಿಗೆ ಯಾವ ಮಾವ ಇದ್ದಾನೆ ಬಾಗಿಲು ತೆಗೆಯಲು?

ಹಳೇ ರೀಲು

ಒಪ್ಪಿದೆ. ಆದರೆ ಅಂಜುಲಿ ಶುಕ್ಲಾ ಬಂದದ್ದು ಶಾಲೆಯ ಬಾಗಿಲಿನಿಂದ ಅಲ್ವಾ?

ಶಾಲೆ ಅಂದಾಗ ನೆನಪಾಯಿತು. ವಿ.ಕೆ. ಮೂರ್ತಿ ನಮ್ಮ ಮೈಸೂರಿನವರು. ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತವರು. ಅಲ್ಲಿಂದ ಬಾಂಬೆಗೆ ಹೋಗಿ ಗುರುದತ್ ಸಿನಿಮಾಗಳಿಗೆ ಬೆಳಕು ಕೊಟ್ಟರು. ಕಾಗಜ್ ಕೇ ಫೂಲ್‌ನಲ್ಲಿ ಸ್ಟುಡಿಯೋ ಒಳಗೆ ಕೋಲಿನ ಹಾಗೆ ಬಿಸಿಲು ಇಳಿಯುತ್ತದಲ್ಲ, ಅದಕ್ಕೆ ಬಳಸಿದ್ದು ಎರಡು ದೊಡ್ಡ ಕನ್ನಡಿ. ಹೊರಗಿನ ಬಿಸಿಲನ್ನು ಒಂದರಿಂದ ಇನ್ನೊಂದಕ್ಕೆ ಹೊಡೆಸಿ ಒಳಗೆ ತಂದರು. ಫಾಲ್ಕೆ ಪ್ರಶಸ್ತಿ ಪಡೆದ ಮೊದಲ ಛಾಯಾಗ್ರಾಹಕ ಅವರೇ. ಆ ಪಾಲಿಟೆಕ್ನಿಕ್ ಕೋರ್ಸಿನ ಪರಂಪರೆಯೇ ಈಗ ಹೆಸರಘಟ್ಟದಲ್ಲಿ ಇರುವುದು.

ಬಿ.ಎಂ. ರಸ್ತೆ ಸ್ಟುಡಿಯೋ

ಹಾಸನದಲ್ಲಿ ಮೂವತ್ತು ವರ್ಷದಿಂದ ಮದುವೆ ಮಾಡಿಕೊಂಡು ಬಂದಿದ್ದೇನೆ. ನನ್ನದಲ್ಲ, ಬೇರೆಯವರದು! ಮದುವೆ ವಿಡಿಯೋದಲ್ಲಿ ಪಳಗಿದವರನ್ನು ಕಡೆಗಣಿಸಬೇಡಿ. ಧಾರೆ ಎರೆಯುವುದನ್ನು ಎರಡನೇ ಟೇಕ್ ಕೇಳುವ ಹಾಗಿಲ್ಲ. ಪುರೋಹಿತರು ಕಾಯುವುದಿಲ್ಲ. ಹೊಗೆ, ಟ್ಯೂಬ್‌ಲೈಟು, ಅಡ್ಡ ನಿಲ್ಲುವ ಸೋದರಮಾವ, ಇಷ್ಟರ ನಡುವೆ ಫೋಕಸ್ ಇಟ್ಟವರು ಎಲ್ಲಿ ಬೇಕಾದರೂ ಇಡುತ್ತಾರೆ. ಹೆಣ್ಣುಮಕ್ಕಳನ್ನು ವಧುವಿನ ಕೋಣೆಗೆ ಬಿಡುತ್ತಾರೆ, ನಮ್ಮನ್ನು ಬಿಡುವುದಿಲ್ಲ. ಅದಕ್ಕೇ ಈಗ ಎಲ್ಲ ಸ್ಟುಡಿಯೋದವರೂ ಹುಡುಗಿಯರನ್ನು ಹುಡುಕುತ್ತಿದ್ದಾರೆ.

ಆದರೆ ಸಿನಿಮಾ ಬೇರೆ. ಮದುವೆಯಲ್ಲಿ ಇರುವ ಬೆಳಕನ್ನು ಹಿಡಿಯುತ್ತೀವಿ. ಸಿನಿಮಾದಲ್ಲಿ ಬೆಳಕನ್ನು ಕಟ್ಟಬೇಕು.

ಮೂರನೇ ಅಸಿಸ್ಟೆಂಟ್

ಬಂದೆ. ಸ್ವಲ್ಪ ಉದ್ದ ಆಗುತ್ತದೆ, ಅಪ್ಪನಿಗೆ ಎರಡು ಕಂತಿನಲ್ಲಿ ಓದಿ ಹೇಳಿ.

ಮೊದಲು ಶಾಲೆಯ ವಿಷಯ ಮುಗಿಸುತ್ತೇನೆ. ಹೆಸರಘಟ್ಟದ ಸರ್ಕಾರಿ ಸಂಸ್ಥೆಯದು ಎಸ್ಸೆಸ್ಸೆಲ್ಸಿ ಆದವರಿಗೆ ಡಿಪ್ಲೊಮಾ. ನಾನು ಅಲ್ಲೇ ಕಲಿತೆ. ನಿಮ್ಮ ತಂಗಿಗೆ ಡಿಗ್ರಿ ಆಗಿದೆ, ಹಾಗಾಗಿ ಪುಣೆ ಮತ್ತು ಕೋಲ್ಕತ್ತಾದ ಸಿನಿಮಾ ಶಾಲೆಗಳ ಪ್ರವೇಶ ಪರೀಕ್ಷೆ ಬರೆಯಲಿ. ಸೀಟು ತೀರಾ ಕಡಿಮೆ. ಸಿಕ್ಕರೆ ಅದೃಷ್ಟ, ಸಿಗದಿದ್ದರೆ ಕೆಲಸ ನಿಲ್ಲಿಸಬೇಕಾಗಿಲ್ಲ.

ಈಗ ಕೆಲಸ. ಸೇರಿದಾಗ ನಾನು ಮೂರನೇ ಅಸಿಸ್ಟೆಂಟ್. ಆಗ ಇನ್ನೂ ಫಿಲ್ಮ್ ಇತ್ತು. 400 ಅಡಿಯ ರೀಲು ನಾಲ್ಕೂವರೆ ನಿಮಿಷಕ್ಕೆ ಮುಗಿಯುತ್ತದೆ. ಮುಗಿದದ್ದನ್ನು ತೆಗೆದು ಹೊಸದು ತುಂಬಬೇಕು, ಅದೂ ಬೆಳಕು ಸೋಕದ ಕಪ್ಪು ಚೀಲದೊಳಗೆ ಎರಡೂ ಕೈ ಹಾಕಿ, ಬರೀ ಬೆರಳಿನ ಅಂದಾಜಿನಲ್ಲಿ. ಒಂದು ಗೀರು ಬಿದ್ದರೆ, ಒಂದು ಕಿರಣ ಒಳಗೆ ಹೋದರೆ, ಆ ದಿನದ ಕೆಲಸ ಮಣ್ಣು. ಕೆಟ್ಟುಹೋದ ಫಿಲ್ಮ್ ಒಂದಿಷ್ಟು ಬೇಡಿ ಊರಿಗೆ ತಂದು ಅಡುಗೆಮನೆಯಲ್ಲಿ ಕೂತು ಅಭ್ಯಾಸ ಮಾಡುತ್ತಿದ್ದೆ. ಚೀಲ ಅಲ್ಲಾಡುವುದನ್ನು ನೋಡಿ ಅಜ್ಜಿ, "ಬೆಕ್ಕಿನ ಮರಿ ಬಿಡೇ, ಉಸಿರು ಕಟ್ಟುತ್ತೆ" ಅಂದಿದ್ದರು.

ಆಮೇಲೆ ಫೋಕಸ್. ಛಾಯಾಗ್ರಾಹಕರು ಫ್ರೇಮ್ ಇಡುತ್ತಾರೆ, ಫೋಕಸ್ ತಿರುಗಿಸುವುದು ಬೇರೆಯವರು. 85 ಎಂಎಂ ಲೆನ್ಸನ್ನು ಪೂರ್ತಿ ತೆರೆದು ಏಳಡಿ ದೂರದ ಮುಖಕ್ಕೆ ಹಿಡಿದರೆ ಸ್ಪಷ್ಟವಾಗಿ ಕಾಣುವುದು ಒಂದೂವರೆ ಇಂಚಿನ ಆಸುಪಾಸು ಮಾತ್ರ. ಕಣ್ಣು ಸಿಕ್ಕರೆ ಕಿವಿ ಮಸುಕು. ನಾಯಕ ಅಳುತ್ತಾ ಅರ್ಧ ಅಡಿ ಮುಂದೆ ಬಾಗಿದ ಅಂದುಕೊಳ್ಳಿ, ನಿನ್ನ ಬೆರಳೂ ಅವನ ಜೊತೆಗೇ ಬಾಗಬೇಕು. ನಾನು ಅದನ್ನು ಆರು ವರ್ಷ ಮಾಡಿದೆ. ಹೆಂಗಸು ಅಂತ ಅಲ್ಲಿ ಯಾರೂ ರಿಯಾಯಿತಿ ಕೊಡಲಿಲ್ಲ. ನಾನು ಕೇಳಲೂ ಇಲ್ಲ. ಫೋಕಸ್ ಹೋದರೆ ಮಾನಿಟರ್‌ನಲ್ಲಿ ಎಲ್ಲರಿಗೂ ಕಾಣುತ್ತದೆ, ಇದ್ದರೆ ಯಾರಿಗೂ ಕಾಣುವುದಿಲ್ಲ. ಕೆಲಸ ಅಂದರೆ ಇಷ್ಟೇ.

ಅಲ್ಲಿ ತನಕ ದಾರಿ ಕಷ್ಟವಾದರೂ ಇದೆ. ಸಿಕ್ಕಿಹಾಕಿಕೊಳ್ಳುವುದು ಅದರ ಮೇಲಿನ ಮೆಟ್ಟಿಲಲ್ಲಿ. ನನ್ನ ಜೊತೆ ಸೇರಿದ ಹುಡುಗರು ನಾಲ್ಕು ವರ್ಷಕ್ಕೆ ಸ್ವಂತ ಸಿನಿಮಾ ಮಾಡಿದರು. ನನಗೆ ಒಂಬತ್ತಾಯಿತು. ಯಾಕೆ ಅಂದರೆ ಸಹಾಯಕಿಯನ್ನು ಇಟ್ಟುಕೊಳ್ಳುವುದು ಛಾಯಾಗ್ರಾಹಕರು. ಅವರಿಗೆ ನನ್ನ ಕೆಲಸ ಗೊತ್ತು. ಸಿನಿಮಾ ಕೊಡುವುದು ದುಡ್ಡು ಹಾಕುವವರು. ಅವರಿಗೆ ನಾನು ಒಬ್ಬ ಹುಡುಗಿ ಅಂತ ಮಾತ್ರ ಗೊತ್ತು. ಒಬ್ಬರು ನನ್ನ ಕೆಲಸದ ತುಣುಕುಗಳನ್ನೆಲ್ಲ ನೋಡಿ, "ಚೆನ್ನಾಗಿದೆಯಮ್ಮ, ಇದಕ್ಕೆ ಕ್ಯಾಮೆರಾಮನ್ ಯಾರು?" ಅಂತ ಕೇಳಿದರು. ನಾನೇ ಅಂದೆ. "ಅಲ್ಲ, ಮೇಲಿನವರು ಯಾರು?" ಅಂದರು.

ಮತ್ತೆ, ಸಿಕ್ಕರೂ ಎಂಥದ್ದು ಸಿಗುತ್ತದೆ? ಮಕ್ಕಳ ಸಿನಿಮಾ, ಪ್ರಶಸ್ತಿಗೆ ಕಳಿಸುವ ಸಿನಿಮಾ, ಹೆಣ್ಣಿನ ಕಣ್ಣೀರಿನ ಸಿನಿಮಾ. ಹದಿನೆಂಟು ದಿನದಲ್ಲಿ ಮುಗಿಸಿ, ಲೈಟು ಕಡಿಮೆ ಕೇಳಿ. ಫೈಟ್ ಇರುವ ಸಿನಿಮಾ ಕೇಳಿದರೆ ನಗುತ್ತಾರೆ. ನನಗೆ ಫೈಟ್ ತೆಗೆಯಲು ಬಹಳ ಇಷ್ಟ, ಅದು ಬೇರೆ ವಿಷಯ.

ಬೇಲೂರು ಟೀಚರ್

ಮೇಡಂ, ನಾನೂ ಹೆಣ್ಣುಮಕ್ಕಳ ತಾಯಿ. ಕೆಲಸ ಬರುತ್ತದೆ ಸರಿ. ಉಳಿದದ್ದು? ಎಲ್ಲಿ ಮಲಗುವುದು, ಎಲ್ಲಿ ಹೋಗುವುದು? ಅದನ್ನು ಯಾರೂ ಬರೆಯುವುದಿಲ್ಲ.

ಮೂರನೇ ಅಸಿಸ್ಟೆಂಟ್

ಒಳ್ಳೆಯದು ಕೇಳಿದಿರಿ ಟೀಚರ್. ಇದನ್ನು ಮರ್ಯಾದೆಯಾಗಿ ಬರೆಯುವುದು ಕಷ್ಟ, ಆದರೂ ಬರೆಯುತ್ತೇನೆ.

ಸಕಲೇಶಪುರದ ಹತ್ತಿರ ಒಂದು ತೋಟದಲ್ಲಿ ಜುಲೈ ತಿಂಗಳ ಶೂಟಿಂಗ್. ಸುತ್ತ ಎರಡು ಕಿಲೋಮೀಟರ್ ಏನೂ ಇಲ್ಲ. ನಾಯಕಿಗೆ ಕ್ಯಾರವಾನ್ ಇತ್ತು, ಅಂದರೆ ಶೌಚಾಲಯ ಇರುವ ವ್ಯಾನು. ಯೂನಿಟ್‌ನಲ್ಲಿ ನಾನು, ಹೇರ್‌ಡ್ರೆಸ್ಸರ್ ಅಕ್ಕ, ಕಾಸ್ಟ್ಯೂಮ್ ಹುಡುಗಿ, ಮೂರೇ ಜನ. ಕ್ಯಾರವಾನ್ ನಮಗೆ ಅಲ್ಲ. ಬೆಳಿಗ್ಗೆ ಐದಕ್ಕೆ ಲಾಡ್ಜ್ ಬಿಟ್ಟರೆ ರಾತ್ರಿ ಒಂಬತ್ತು. ಮೊದಲ ಮೂರು ದಿನ ನೀರೇ ಕುಡಿಯಲಿಲ್ಲ. ನಾಲ್ಕನೇ ದಿನ ಜ್ವರ, ಉರಿಮೂತ್ರ. ಕೊನೆಗೆ ಹೇರ್‌ಡ್ರೆಸ್ಸರ್ ಅಕ್ಕನೇ ನನ್ನ ಕೈ ಹಿಡಿದು ಕೂಲಿಯವರ ಲೈನ್ ಮನೆಗೆ ಕರೆದುಕೊಂಡು ಹೋದರು. ಅಲ್ಲಿನ ಒಬ್ಬ ಅಮ್ಮ ಏನೂ ಕೇಳದೆ ಹಿಂದಿನ ಬಾಗಿಲು ತೋರಿಸಿದರು, ವಾಪಸ್ ಬರುವಾಗ ಬೆಲ್ಲದ ಕಾಫಿ ಕೊಟ್ಟರು. ಹನ್ನೆರಡು ದಿನ ಆ ಮನೆಯೇ ನಮ್ಮ ಕ್ಯಾರವಾನ್.

ಇನ್ನೊಂದು, ರೂಮಿನ ಲೆಕ್ಕ. ಅಸಿಸ್ಟೆಂಟ್ ಹುಡುಗರನ್ನು ಮೂರು ಜನಕ್ಕೆ ಒಂದು ರೂಮು ಅಂತ ಹಾಕುತ್ತಾರೆ. ನಾನು ಬಂದರೆ ನನಗೊಬ್ಬಳಿಗೇ ಒಂದು ರೂಮು. ಮ್ಯಾನೇಜರ್‌ಗೆ ಅದು ಖರ್ಚು. "ಮುಂದಿನ ಸಲ ಹುಡುಗರನ್ನೇ ಕರ್ಕೊಂಡು ಬನ್ನಿ ಸರ್" ಅಂತ ನನ್ನ ಗುರುಗಳಿಗೆ ನನ್ನ ಎದುರೇ ಹೇಳಿದ್ದರು. ಹೆಣ್ಣುಮಕ್ಕಳು ಯಾಕೆ ಕಡಿಮೆ ಅಂತ ದೊಡ್ಡ ದೊಡ್ಡ ಭಾಷಣ ಕೇಳಿದ್ದೇನೆ. ನನ್ನ ಅನುಭವದಲ್ಲಿ ಅರ್ಧ ಕಾರಣ ಆ ಒಂದು ರೂಮಿನ ಬಾಡಿಗೆ.

ಬೇಲೂರು ಟೀಚರ್

ಕೇರಳದ ಹೇಮಾ ಸಮಿತಿ ವರದಿಯಲ್ಲೂ ಇದೇ ಇದೆ. ನಿವೃತ್ತ ನ್ಯಾಯಮೂರ್ತಿ ಕೆ. ಹೇಮಾ ನೇತೃತ್ವದಲ್ಲಿ 2017ರಲ್ಲಿ ಸಮಿತಿ ಆಯಿತು. 2019ರ ಕೊನೆಗೆ ವರದಿ ಕೊಟ್ಟರು. ಜನರ ಕೈಗೆ ಬಂದದ್ದು 2024ರ ಆಗಸ್ಟ್‌ನಲ್ಲಿ. ಶೌಚಾಲಯ ಇಲ್ಲ, ಬಟ್ಟೆ ಬದಲಿಸಲು ಜಾಗ ಇಲ್ಲ, ಹೆಂಗಸರು ನೀರು ಕುಡಿಯದೆ ಇರುತ್ತಾರೆ ಅಂತ ಅದರಲ್ಲಿ ಬರೆದಿದ್ದಾರೆ. ಓದುವಾಗ ಇದು ಕೇರಳದ ವಿಷಯ ಅಂದುಕೊಂಡಿದ್ದೆ. ಸಕಲೇಶಪುರ ನಮ್ಮ ಮನೆಯಿಂದ ಒಂದು ಗಂಟೆ ದಾರಿ.

ಹ್ಯಾಂಡ್‌ಪೋಸ್ಟ್ ಅವರೇ, ತಂಗಿಗೆ ಒಂದು ಹೇಳಿ. ಹತ್ತು ಜನ ಇರುವ ಯಾವುದೇ ಕೆಲಸದ ಜಾಗದಲ್ಲೂ ದೂರು ಕೇಳಲು ಆಂತರಿಕ ಸಮಿತಿ ಇರಬೇಕು ಅಂತ 2013ರ ಕಾನೂನು ಇದೆ. 2022ರಲ್ಲಿ ಕೇರಳ ಹೈಕೋರ್ಟ್ ಸಿನಿಮಾ ಸೆಟ್‌ಗೂ ಇದು ಬೇಕು ಅಂತ ಹೇಳಿದೆ. ಸೇರುವ ದಿನವೇ, "ಸಮಿತಿಯಲ್ಲಿ ಯಾರಿದ್ದಾರೆ?" ಅಂತ ಕೇಳಲಿ.

ನೇರಮಾತು

ಸೇರುವ ದಿನವೇ ಕೇಳಿದರೆ ಸೇರಿಸಿಕೊಳ್ಳುತ್ತಾರಾ ಟೀಚರ್?

ಮೂರನೇ ಅಸಿಸ್ಟೆಂಟ್

ಈ ಒಂದು ಮಾತಿಗೆ ನೇರಮಾತು ಅವರಿಗೆ ನನ್ನ ಓಟು. ಹೊಸಬಳು ಕೇಳಿದರೆ ಕಷ್ಟವೇ. ಅದಕ್ಕೇ ನನ್ನ ಸಿನಿಮಾದಲ್ಲಿ ನಾನು ಕೇಳುತ್ತೇನೆ. ಶೌಚಾಲಯದ ವ್ಯಾನು ಮತ್ತು ಹೆಂಗಸರಿಗೆ ರೂಮು, ಎರಡನ್ನೂ ಲೈಟಿನ ಪಟ್ಟಿಯ ಜೊತೆಗೇ ಬರೆದು ಕೊಡುತ್ತೇನೆ. ಲೈಟು ಬೇಕು ಅಂದರೆ ಯಾರೂ ಚರ್ಚೆ ಮಾಡುವುದಿಲ್ಲ, ಅದರ ಜೊತೆ ಇದೂ ಪಾಸಾಗುತ್ತದೆ.

ಜನರೇಟರ್ ವ್ಯಾನ್

ಚನ್ನರಾಯಪಟ್ಟಣದವನು ನಾನು. ಇಪ್ಪತ್ತು ವರ್ಷ ಲೈಟ್ ಯೂನಿಟ್‌ನಲ್ಲಿ ದುಡಿದು ಈಗ ಊರಲ್ಲೇ ತೆಂಗಿನ ತೋಟ ನೋಡಿಕೊಂಡಿದ್ದೇನೆ. ನಾವು ಯೂನಿಟ್‌ನವರು ಒಳ್ಳೆಯವರು ಅಂತ ಸುಳ್ಳು ಹೇಳುವುದಿಲ್ಲ. ಹೊಸ ಕ್ಯಾಮೆರಾಮನ್ ಬಂದರೆ ಗಂಡಸಾದರೂ ಮೊದಲ ದಿನ ಆಟ ಆಡಿಸುತ್ತೀವಿ. ಹೆಂಗಸಾದರೆ ಇನ್ನೂ ಜಾಸ್ತಿ. ಲೈಟು ಇಡಿ ಅಂದರೆ, "ಎಲ್ಲಿ ಮೇಡಂ, ಅಲ್ಲಾ? ಇಲ್ಲಾ?" ಅಂತ ಮೂರು ಸಲ ಕೇಳುವುದು.

ಒಂದು ಸಲ ಹಳೇ ಮನೆಯೊಂದರ ನಡುಮನೆಯಲ್ಲಿ ಕೆಲಸ. ಬಂದಿದ್ದ ಮೇಡಂ ಚಿಕ್ಕ ವಯಸ್ಸಿನವರು. ನಮ್ಮ ಹಿರಿಯ ಗ್ಯಾಫರ್, ಅಂದರೆ ಲೈಟಿನವರ ಮುಖ್ಯಸ್ಥರು, ದೊಡ್ಡ ಲೈಟು ನಾಲ್ಕು ಇಳಿಸಿ ಕಾಯುತ್ತಿದ್ದರು. ಮೇಡಂ ಎಲ್ಲ ಆರಿಸಿ ಅಂದರು. ಮಧ್ಯದಲ್ಲಿ ಐದು ನಿಮಿಷ ಸುಮ್ನೆ ನಿಂತರು. ಆಮೇಲೆ ಹಂಚಿನ ನಡುವಿನ ಗಾಜಿನ ಬೆಳಕಿಂಡಿ ತೋರಿಸಿ, "ಅದರ ಮೇಲೆ ಹೊರಗಿನಿಂದ ಒಂದೇ ಲೈಟು, ಒಳಗೆ ಈ ಗೋಡೆಗೆ ಒಂದು ಥರ್ಮಾಕೋಲ್, ಸಾಕು" ಅಂದರು. ಮಾಡು ಹತ್ತಿ ಇಟ್ಟೆವು. ಅಜ್ಜಿ ಪಾತ್ರದವರು ಬಂದು ಅಲ್ಲಿ ಅಕ್ಕಿ ಆರಿಸಲು ಕೂತರು. ಮೊರದಲ್ಲಿದ್ದ ಅಕ್ಕಿ ಹೊಳೆಯಿತು, ಮುಖಕ್ಕೆ ಅಕ್ಕಿಯಿಂದ ಬೆಳಕು ಬಂತು. ನಮ್ಮ ಗ್ಯಾಫರ್ ಏನೂ ಮಾತಾಡಲಿಲ್ಲ. ಮಧ್ಯಾಹ್ನ ಊಟಕ್ಕೆ ಕೂತಾಗ ಮೇಡಂಗೆ ಮೊದಲು ಬಡಿಸಿ ಅಂದರು. ನಮ್ಮಲ್ಲಿ ಅದೇ ಸರ್ಟಿಫಿಕೇಟು.

ಹಳೇ ರೀಲು

ಮೊರದ ಅಕ್ಕಿಯಿಂದ ಬೆಳಕು! ಮೂರ್ತಿಗಳ ಕನ್ನಡಿಗೆ ತಂಗಿ ಇದು.

ಹ್ಯಾಂಡ್‌ಪೋಸ್ಟ್ ಹುಡುಗ

ಎಲ್ಲವನ್ನೂ ಅಪ್ಪನಿಗೆ ಓದಿದೆ. ಲೈನ್ ಮನೆಯದ್ದು ಬಂದಾಗ ಅಮ್ಮ ಸೆರಗಿನಿಂದ ಕಣ್ಣು ಒರೆಸಿಕೊಂಡರು. ಅಪ್ಪ ಕೇಳಿದ್ದು ಒಂದೇ, "ಸಂಬಳ ಎಷ್ಟಂತೆ?" ಇನ್ನೊಂದು, ಜುಲೈ ಮಳೆಯಲ್ಲಿ ಸಕಲೇಶಪುರಕ್ಕೆ ಯಾಕೆ ಹೋಗುತ್ತಾರೆ, ಬುದ್ಧಿ ಇಲ್ವಾ ಅಂತ.

ಮೂರನೇ ಅಸಿಸ್ಟೆಂಟ್

ಅಪ್ಪಾಜಿಗೆ ನಮಸ್ಕಾರ ಹೇಳಿ. ಸಂಬಳ ಅಂತ ಇಲ್ಲ. ಅಸಿಸ್ಟೆಂಟ್‌ಗೆ ದಿನದ ಲೆಕ್ಕ, ಜೊತೆಗೆ ಬಾಟಾ, ಅಂದರೆ ದಿನದ ಖರ್ಚಿನ ಭತ್ಯೆ. ಶೂಟಿಂಗ್ ಇಲ್ಲದ ತಿಂಗಳು ಸೊನ್ನೆ. ಛಾಯಾಗ್ರಾಹಕಿ ಆದರೆ ಸಿನಿಮಾಕ್ಕೆ ಇಷ್ಟು ಅಂತ ಮಾತು, ಕಂತಿನಲ್ಲಿ ಬರುತ್ತದೆ. ಕೊನೆಯ ಕಂತು ಬಂದರೆ ಬಂತು. ಮೊದಲ ಸಿನಿಮಾದ್ದು ನನಗೆ ಇನ್ನೂ ಬಂದಿಲ್ಲ. ಕಾಫಿ ರೇಟಿನ ಹಾಗೆ ಅಂದುಕೊಳ್ಳಿ, ಎರಡು ವರ್ಷ ಏಳುತ್ತದೆ, ಮೂರು ವರ್ಷ ಮಲಗುತ್ತದೆ. ಮಧ್ಯೆ ಜಾಹೀರಾತು, ಸಾಕ್ಷ್ಯಚಿತ್ರ, ಮದುವೆ, ಯಾವುದನ್ನೂ ಬಿಡದೆ ಮಾಡಿದವರು ಉಳಿಯುತ್ತಾರೆ.

ಮಳೆ ವಿಷಯಕ್ಕೆ ಅಪ್ಪಾಜಿ ನಗುತ್ತಾರೆ. ಅಷ್ಟು ಮಳೆಯಲ್ಲಿ ಹೋಗಿ ನಾವು ಟ್ಯಾಂಕರ್ ನೀರು ತರಿಸಿದೆವು! ನಿಜವಾದ ಮಳೆ ಕ್ಯಾಮೆರಾಕ್ಕೆ ಸರಿಯಾಗಿ ಕಾಣುವುದಿಲ್ಲ. ಹಿಂದಿನಿಂದ ಬೆಳಕು ಬಿದ್ದರೆ ಮಾತ್ರ ಹನಿ ಹೊಳೆಯುವುದು. ಮೇಲಾಗಿ ದೇವರ ಮಳೆ ಟೇಕ್ ಮಧ್ಯೆ ನಿಲ್ಲುತ್ತದೆ. ಹಾಗಾಗಿ ಮಲೆನಾಡಿನ ಹಸಿರಿಗೆ, ಮೋಡಕ್ಕೆ ಅಲ್ಲಿಗೆ ಹೋಗುವುದು. ಮಳೆ ಮಾತ್ರ ಪೈಪಿನದು. ಹೊಳೆಯಿಂದ ಟ್ಯಾಂಕರ್ ತುಂಬಿಸುತ್ತಿದ್ದಾಗ ಊರಿನವರು ಛತ್ರಿ ಹಿಡಿದು ನಿಂತು ನೋಡುತ್ತಿದ್ದರು. ಅವರ ಮುಖ ಇವತ್ತಿಗೂ ಮರೆತಿಲ್ಲ.

ಒಂದು ಕೆಲಸ ಕೊಡುತ್ತೇನೆ ತಂಗಿಗೆ. ಹೂ ಮಳೆ ಬಿದ್ದು ಕಾಫಿ ಹೂವು ಅರಳಿದಾಗ ಎರಡು ನಿಮಿಷದ್ದು ಏನಾದರೂ ತೆಗೆಯಲಿ. ಸಂಗೀತ ಹಾಕದೆ ಕಳಿಸಲಿ.

ಹ್ಯಾಂಡ್‌ಪೋಸ್ಟ್ ಹುಡುಗ

ತುಂಬಾ ದಿನದ ಮೇಲೆ ಬರೆಯುತ್ತಿದ್ದೇನೆ. ಮಾರ್ಚ್‌ನಲ್ಲಿ ಮಳೆ ಬಿತ್ತು, ಒಂಬತ್ತನೇ ದಿನ ತೋಟ ಬೆಳ್ಳಗಾಯಿತು. ತಂಗಿ ಮೂರು ದಿನ ಕೆಳಗಿನ ಪಟ್ಟಿಯಲ್ಲೇ ಇದ್ದಳು. ವಿಡಿಯೋ ಮೇಡಂಗೆ ಕಳಿಸಿದ್ದೇನೆ.

ಮೂರನೇ ಅಸಿಸ್ಟೆಂಟ್

ನೋಡಿದೆ. ಮೊದಲ ಅರ್ಧದಲ್ಲಿ ಹೂವು ಸುಣ್ಣ ಬಳಿದ ಹಾಗೆ ಕಾಣುತ್ತದೆ, ಎಸಳೇ ಇಲ್ಲ. ಕ್ಯಾಮೆರಾವನ್ನು ಆಟೋ ಮೋಡ್‌ನಲ್ಲಿ ಇಟ್ಟಿದ್ದಾಳೆ. ನೆರಳಿನ ತೋಟ ಕಪ್ಪಗಿದೆ ಅಂತ ಅದು ಬೆಳಕು ಜಾಸ್ತಿ ಮಾಡಿಕೊಂಡಿದೆ, ಬಿಳಿ ಸುಟ್ಟುಹೋಗಿದೆ. ಬೆಳಕನ್ನು ಹೂವಿಗೆ ಲೆಕ್ಕ ಹಾಕಿ, ಎಲೆ ಕಪ್ಪಾದರೆ ಆಗಲಿ ಅಂತ ಬಿಡಬೇಕು. ಎರಡನೇ ದಿನ ಇದು ಅವಳಿಗೇ ಗೊತ್ತಾಗಿದೆ ಅನ್ನಿಸುತ್ತದೆ, ಅಲ್ಲಿಂದ ಸರಿಯಾಗಿದೆ.

ಕೊನೆಯ ಶಾಟ್, ಸಿಲ್ವರ್ ಓಕ್ ಮಧ್ಯೆ ಬಿಸಿಲು ಬರುವ ತನಕ ಅಲ್ಲಾಡದೆ ಕಾದಿದ್ದಾಳಲ್ಲ, ಜೇನು ಬಂದು ಕೂತ ಮೇಲೂ ಕಟ್ ಮಾಡಿಲ್ಲ. ಅದನ್ನು ಹೇಳಿಕೊಡಲು ಆಗುವುದಿಲ್ಲ.

ಮೇ ಕೊನೆಗೆ ಸಕಲೇಶಪುರದ ಕಡೆಯೇ ನನಗೆ ಹನ್ನೆರಡು ದಿನದ ಕೆಲಸ ಇದೆ. ಕಳಿಸುತ್ತೀರಾ? ಮೂರನೇ ಅಸಿಸ್ಟೆಂಟ್. ರೂಮು ನನ್ನ ಜೊತೆ. ಬಾಟಾ ದಿನ ದಿನವೇ ಕೊಡಿಸುತ್ತೇನೆ. ಮಳೆ ಹಿಡಿದಿರುತ್ತದೆ, ಇಂಬಳ ಶುರುವಾಗಿರುತ್ತದೆ. ಹೊಗೆಸೊಪ್ಪು, ಉಪ್ಪು, ಗಮ್ ಬೂಟು ತರಲಿ. ಸ್ವಂತ ಲೆನ್ಸ್ ತಂದರೆ ಗಾಳಿಯಾಡದ ಡಬ್ಬಿಯಲ್ಲಿ ಸಿಲಿಕಾ ಪೊಟ್ಟಣ ಹಾಕಿ ತರಲಿ, ಇಲ್ಲದಿದ್ದರೆ ಬೂಷ್ಟು ಹಿಡಿಯುತ್ತದೆ.

ಹ್ಯಾಂಡ್‌ಪೋಸ್ಟ್ ಹುಡುಗ

ಅಪ್ಪ ಹೂಂ ಅಂತಲೂ ಹೇಳಿಲ್ಲ, ಉಹೂಂ ಅಂತಲೂ ಹೇಳಿಲ್ಲ. ಆದರೆ ಬೆಳಿಗ್ಗೆ ಅಟ್ಟದಿಂದ ತಮ್ಮ ಹಳೇ ಗಮ್ ಬೂಟು ಇಳಿಸಿ ತೊಳೆದು ಜಗಲಿಯಲ್ಲಿ ಇಟ್ಟಿದ್ದಾರೆ. ಅವಳಿಗೆ ಎರಡು ಸೈಜು ದೊಡ್ಡದು. ಸಾಕ್ಸ್ ಎರಡು ಜೊತೆ ಹಾಕಿಕೊಂಡರೆ ನಡೆಯುತ್ತಾ ಮೇಡಂ?

ಮೂರನೇ ಅಸಿಸ್ಟೆಂಟ್

ನಡೆಯಲ್ಲ. ಟ್ರಾಲಿ ಹಳಿ ದಾಟುವಾಗ ಮುಗ್ಗರಿಸುತ್ತಾಳೆ, ಕೈಯಲ್ಲಿ ಲೆನ್ಸ್ ಇರುತ್ತದೆ. ಅವಳ ಅಳತೆಯದು ಹೊಸದು ಕೊಡಿಸಿ.